ದಾನಪ್ಪನ ಷೇರು, ಎದುರಂಗಡಿಯ ಸಾವು

೧.

ಈ ಕಥೆಯನ್ನು ಕೊಲೆಯಿಂದ ಶುರು ಮಾಡಬೇಕೋ ರೊಟ್ಟಿಯಿಂದಲೋ ಎಂಬುದು ಇನ್ನೂ ತೀರ್ಮಾನವಾಗಿಲ್ಲ. ಕೊಲೆಯಿಂದ ಶುರು ಮಾಡಿದರೆ ನೀವು ಓದುತ್ತೀರಿ. ರೊಟ್ಟಿಯಿಂದ ಶುರು ಮಾಡಿದರೆ ನನ್ನ ನೆಂಟರು ಓದುತ್ತಾರೆ. ಎರಡೂ ಒಂದೇ ಮನೆಯಲ್ಲಿ, ಒಂದೇ ಸಂಜೆ ನಡೆಯುವುದರಿಂದ ಹೀಗೆ ಬರೆದು ನೋಡಿದೆ:

'ಜಗದಾಂಬ ರೊಟ್ಟಿ ತಿರುವಿ ಹಾಕುವಷ್ಟರಲ್ಲಿ ಸೊಸೆ ಒಬ್ಬನನ್ನು ಕೊಂದಿದ್ದಳು.'

ವಾಕ್ಯ ನನಗೆ ಹಿಡಿಸಿತು. ಜಗದಾಂಬ ಅವರಿಗೆ ಹಿಡಿಸಲಿಲ್ಲ. ಒಲೆಯ ಮುಂದಿನಿಂದಲೇ ಕೂಗಿದರು: "ಹಂಗ್ ಬರದ್ರ ಬೀಗರು ಏನ್ ತಿಳ್ಕೊಂತಾರ್ರೀ? ಟೀವಿಯಾಗ ಅಂತ ಸೇರಸ್ರಿ ಮೊದ್ಲು!"

ಸೇರಿಸಿದರೆ ವಾಕ್ಯದ ಉಸಿರು ಹೋಗುತ್ತದೆ. ಸೇರಿಸದಿದ್ದರೆ ಅವರು ಕಥೆಯಿಂದ ಎದ್ದು ಹೋಗುತ್ತಾರೆ. ಸೇರಿಸಿದ್ದೇನೆ. ಟೀವಿಯಲ್ಲಿ ಕೊಂದಿದ್ದಳು.

(ಮಕ್ಕಳನ್ನು ಮಲಗಿಸಿ, ನಾಳೆಯ ಯೂನಿಫಾರಂ ಇಸ್ತ್ರಿ ಮಾಡಿಟ್ಟು ಬರೆಯುವವರ ಕಥೆಯಲ್ಲಿ ಗುಂಡಿನ ಸದ್ದೂ ಮೆಲ್ಲಗೇ ಕೇಳುತ್ತದೆ. ಹೊಂದಿಕೊಳ್ಳಿ.)

೨.

ಯಾರು ಯಾರು ಅಂತ ಹೇಳಿಬಿಡುತ್ತೇನೆ. ಪಾತ್ರಗಳನ್ನು ನಿಗೂಢವಾಗಿಡುವಷ್ಟು ನಿದ್ದೆ ನನಗೆ ಆಗಿಲ್ಲ.

ವೀರಬಸಪ್ಪ ಶಿರಾಳಕೊಪ್ಪದ ದಲಾಲರು. ರೈತರ ಮೆಕ್ಕೆಜೋಳ ಇವರ ಮಂಡಿಗೆ ಬಂದು ಇಳಿಯುತ್ತದೆ, ಖರೀದಿದಾರರ ಲಾರಿಗೆ ಏರುತ್ತದೆ. ಇವರು ನಡುವೆ ಗಾದಿಯ ಮೇಲೆ ಕೂತು ದರ ಕುದುರಿಸುತ್ತಾರೆ. ಮಂಡಿ ನಡೆಸಿ ನಡೆಸಿ ಈಗ ಮಂಡಿ ಸವೆದಿದೆ; ಕೂತರೆ ಏಳಲಾರರು. ಹಾಗಾಗಿ ಗಾದಿ ಬೇರೆಯವರಿಗೆ ಬಿಡಬೇಕು. ಒಲೆಯ ಮುಂದಿನ ಜಗದಾಂಬ ಇವರ ಹೆಂಡತಿ. ಒಬ್ಬನೇ ಮಗ ಯತೀಶ ಶಿಕಾರಿಪುರದಲ್ಲಿ ಹೈಸ್ಕೂಲು ಮೇಷ್ಟ್ರು. ತಕ್ಕಡಿ ಕಂಡರೆ ಅದರ ಬಗ್ಗೆ ಪಾಠ ಮಾಡುತ್ತಾನೆಯೇ ಹೊರತು ತೂಕ ಮಾಡುವುದಿಲ್ಲ.

ಉಳಿದವರು ಇಬ್ಬರು. ತಮ್ಮನ ಮಗ ರಾಜಕುಮಾರ್. ಮತ್ತು ಯತೀಶನ ಹೆಂಡತಿ, ಸೊರಬದ ಹುಡುಗಿ, ಬಿ.ಕಾಂ. ಓದಿದ ಚೈತ್ರಶ್ರೀ. ರಾಜಕುಮಾರ್ ಗಾದಿ ಬೇಕೆಂದು ಬಾಯಿಬಿಟ್ಟು ಕೇಳಲಿಲ್ಲ. ಗಂಡು ಹುಡುಗ, ಕೇಳುವ ಅಗತ್ಯವಿರಲಿಲ್ಲ. ಚೈತ್ರಶ್ರೀ ಕೇಳಿದಳು.

"ವ್ಯಾಪಾರ ಅಂದ್ರ ಏನಂತ ತಿಳ್ಕೊಂಡೀಯವ್ವ?" ಎಂದರು ವೀರಬಸಪ್ಪ.

"ಇಳಿದಾಗ ತಗಳದು, ಏರಿದಾಗ ಮಾರದು. ಅದ್ರಲ್ಲಿ ಎಂತ ಇದೆ ಮಾವ? ನಾನು ದಿನಾ ಮಾಡ್ತೀನಲ್ಲ."

"ಎಲ್ಲಿ?"

"ಟೀವಿಲಿ."

೩.

ಯತೀಶ ತಂದಿಟ್ಟ ವಿಡಿಯೋ ಗೇಮ್ ಅದು. (ಹೆಸರು ಹೇಳುವುದಿಲ್ಲ. ನಾನೇ ಕಟ್ಟಿದ ಆಟ. ಹೆಸರಿಟ್ಟರೆ ನೀವು ಹುಡುಕಲು ಹೋಗುತ್ತೀರಿ, ಕಥೆ ಅರ್ಧಕ್ಕೇ ನಿಲ್ಲುತ್ತದೆ.) ಅದರೊಳಗೆ ಒಂದು ಊರು. ಅಲ್ಲಿ ಕಾರು ಕದಿಯಬಹುದು, ಬ್ಯಾಂಕು ಒಡೆಯಬಹುದು, ಪೊಲೀಸರಿಗೆ ಚಳ್ಳೆಹಣ್ಣು ತಿನ್ನಿಸಬಹುದು. ನಾಯಕನ ಹೆಸರು ಡಾನಿ. ವೀರಬಸಪ್ಪನವರ ಬಾಯಲ್ಲಿ ಮೊದಲ ದಿನವೇ ದಾನಪ್ಪ ಆದ.

ದಾನಪ್ಪನ ಮೊಬೈಲಿನಲ್ಲಿ ಷೇರುಪೇಟೆಯೂ ಇದೆ. ಊರಿನಲ್ಲಿ ಎರಡು ಬಸ್ ಕಂಪನಿಗಳು: ನೀಲಿ ಬಸ್ಸು, ಕೆಂಪು ಬಸ್ಸು. ನೀಲಿಗೆ ಕಷ್ಟ ಬಂದರೆ ಕೆಂಪಿನ ಷೇರು ಏರುತ್ತದೆ. ಕಷ್ಟ ತಾನಾಗಿ ಬರಲಿ ಅಂತ ಕಾಯಬೇಕಾಗಿಲ್ಲ. ದಾನಪ್ಪನ ಸೊಂಟದಲ್ಲಿ ಪಿಸ್ತೂಲಿದೆ.

(ನಿಜವಾದ ಷೇರುಪೇಟೆಗೂ ಇದಕ್ಕೂ ಏನು ವ್ಯತ್ಯಾಸ ಅಂತ ನನ್ನನ್ನು ಕೇಳಬೇಡಿ. ನನಗೆ ಅಂಚೆ ಕಚೇರಿಯ ಆರ್.ಡಿ. ಒಂದೇ ಗೊತ್ತು.)

ಷರತ್ತು ಇಷ್ಟು. ವೀರಬಸಪ್ಪನವರ ಮಾತಿನಲ್ಲೇ ಕೇಳಿ: "ಆ ದಾನಪ್ಪನ ರೊಕ್ಕ ಒಂದಕ್ಕ ಎರಡು ಮಾಡಿ ತೋರ್ಸು. ನನ್ ಕಣ್ಣೆದುರಿಗೆ. ಶನಿವಾರ ರಾತ್ರಿ ಊಟಕ್ಕ ಕೂರೋದ್ರೊಳಗ. ಆತಂದ್ರ ಗಾದಿ ನಿಂದು. ಆಗ್ಲಿಲ್ಲ, ರಾಜಕುಮಾರಂಗ ಬೀಗದ ಕೈ."

೪. (ಕೈಬಿಟ್ಟ ಕರಡು)

'ವೀರಬಸಪ್ಪನವರು ವಿಭೂತಿ ಹಚ್ಚಿಕೊಂಡು ಮಷಿನ್‌ಗನ್ ಎತ್ತಿಕೊಂಡರು.'

ಇದನ್ನು ಬರೆದು ನಾನೊಬ್ಬಳೇ ಬಾಯಿ ಮುಚ್ಚಿಕೊಂಡು ನಕ್ಕೆ. ಪಾತ್ರ ನಗಲಿಲ್ಲ.

"ಏನ್ರೀ ಇದು? ನಾನು ದಲಾಲ. ಕೊಲೆಗಾರ ಅಲ್ಲ."

"ಆಟ ರೀ ಅದು."

"ಆಟ ಅಂತ್ಲೇ ಊರಾಗ ಎಷ್ಟೋ ಮನಿ ಮುಳುಗ್ಯಾವ. ನಾ ಗನ್ ಮುಟ್ಟಲ್ಲ. ಹೊಡದು ಹಾಕ್ರಿ."

ಹೊಡೆದು ಹಾಕಿದ್ದೇನೆ. ವಾಕ್ಯವನ್ನು.

೪. (ಮತ್ತೆ)

ಮೊದಲು ತಾವೇ ಒಂದು ಕೈ ನೋಡುತ್ತೇನೆ ಅಂತ ವೀರಬಸಪ್ಪ ರಿಮೋಟು ಇಸಿದುಕೊಂಡರು. ದಾನಪ್ಪ ಜೀವಮಾನದಲ್ಲಿ ಮೊದಲ ಸಲ ಕೆಂಪು ದೀಪಕ್ಕೆ ಕಾರು ನಿಲ್ಲಿಸಿದ. ಹಿಂದಿನ ಕಾರಿನವರು ಇಂಗ್ಲಿಷಿನಲ್ಲಿ ಬೈದರು. "ಬೈಯ್ಲಿ ಬಿಡು, ಲೈಸೆನ್ಸ್ ಹೋದ್ರ ಅವ್ರ ಕೊಡುಸ್ತಾರೇನು?" ಎಂದರು ವೀರಬಸಪ್ಪ.

ಷೇರು ಕೊಳ್ಳಿ ಮಾವ ಎಂದರೆ, "ಮಾದರಿ ನೋಡ್ದೆ ಹೆಂಗ ಕೊಳ್ಳೋದು? ಗೋವಿನಜೋಳಾನೂ ಕೈಯಾಗ ಹಿಡದು, ಹಲ್ಲಾಗ ಕಡದು ನೋಡಿ ದರ ಹೇಳ್ತೀವಿ" ಎಂದು ದಾನಪ್ಪನನ್ನು ನೀಲಿ ಬಸ್ಸಿನ ಡಿಪೋಗೆ ಓಡಿಸಿದರು. ಅಲ್ಲಿ ಆತ ಬೆಳಗಿನಿಂದ ಕತ್ತಲಾಗುವವರೆಗೆ ಸುಮ್ಮನೆ ನಿಂತು ಬಸ್ಸುಗಳು ಹೊರಡುವುದನ್ನು ನೋಡಿದ. ಊರಿನ ಅತಿ ದೊಡ್ಡ ಪಾತಕಿ ಒಂದು ದಿನವೆಲ್ಲ ಟೈರು ನೋಡುತ್ತ ಕಳೆದದ್ದಕ್ಕೆ ಆಟ ಮಾಡಿದವರು ಏನೂ ಬಹುಮಾನ ಇಟ್ಟಿರಲಿಲ್ಲ.

"ಹೊತ್ತಿಗೆ ಸರಿಯಾಗಿ ಬಿಡ್ತಾರ. ತೊಳದು ಇಟ್ಟಾರ. ನೀಲಿ ತಗೋ" ಎಂದರು.

ನೀಲಿ ಚೂರು ಏರಿತು. ಚೂರೇ. ಆ ವೇಗದಲ್ಲಿ ಎರಡರಷ್ಟಾಗಲು ನನ್ನ ಮಕ್ಕಳ ಮದುವೆಯವರೆಗೆ ಕಾಯಬೇಕಿತ್ತು.

೫.

ಶನಿವಾರ ಸಂಜೆ ರಿಮೋಟು ಚೈತ್ರಶ್ರೀಯ ಕೈಗೆ ಬಂತು. ಮಾವ ಕೊಂಡಿದ್ದ ನೀಲಿಯನ್ನೆಲ್ಲ ಮಾರಿದಳು. ಇದ್ದ ರೊಕ್ಕವನ್ನೆಲ್ಲ ಕೆಂಪಿನ ಮೇಲೆ ಸುರಿದಳು.

"ತೊಳದಿಲ್ಲವ್ವ ಆ ಕೆಂಪು ಬಸ್ಸು," ಎಂದರು ವೀರಬಸಪ್ಪ.

"ನೋಡ್ತಾ ಇರಿ ಮಾವ."

ದಾನಪ್ಪ ಒಂದು ದೊಡ್ಡ ಮನೆಯ ಗೋಡೆ ಹಾರಿದ. ಈಜುಕೊಳದ ಪಕ್ಕ ನೀಲಿ ಬಸ್ಸಿನ ಮಾಲೀಕ ಚಡ್ಡಿ ಹಾಕಿಕೊಂಡು ಜ್ಯೂಸು ಕುಡಿಯುತ್ತಿದ್ದ. ಇದೇ ಹೊತ್ತಿಗೆ ಜಗದಾಂಬ ರೊಟ್ಟಿ ತಿರುವಿ ಹಾಕಿದರು.

ಕೆಂಪು ಬಸ್ಸಿನ ಷೇರು ಎಮ್ಮೆ ಎದ್ದ ಹಾಗೆ ಮೊದಲು ಹಿಂದಿನಿಂದ, ಆಮೇಲೆ ಮುಂದಿನಿಂದ ಎದ್ದು ನಿಂತಿತು. ಎರಡರಷ್ಟನ್ನೂ ದಾಟಿತು. 'ಮಾರು' ಅಂತ ಒಂದು ಗುಂಡಿ. ಒತ್ತಿದರೆ ರೊಕ್ಕ ದಾನಪ್ಪನದು, ಗಾದಿ ಚೈತ್ರಶ್ರೀಯದು. ಆಟದೊಳಗೆ ಬೆಳಗಾದರೆ ದರ ಮತ್ತೆ ಇಳಿಯುತ್ತದೆ. ಅವಳ ಹೆಬ್ಬೆರಳು ಗುಂಡಿಯ ಮೇಲಿತ್ತು.

"ಬಾಗ್ಲಾ ಹಾಕು," ಎಂದರು ವೀರಬಸಪ್ಪ.

ಅವಳು ಎದ್ದು ಹೋಗಿ ಮುಂಬಾಗಿಲು ಹಾಕಿ ಬಂದಳು.

"ಆ ಬಾಗ್ಲಾ ಅಲ್ಲವ್ವ. ಅಂಗಡಿ ಬಾಗ್ಲಾ. ದಾನಪ್ಪಂದು. ಎದುರಂಗಡಿಯವ ಸತ್ತಾನ. ಇವತ್ತು ವ್ಯಾಪಾರ ಇಲ್ಲ."

೬.

(ನಮ್ಮ ಪೇಟೆ ಗೊತ್ತಿಲ್ಲದವರಿಗೆ: ಸಾಲಿನಲ್ಲಿ ಒಬ್ಬ ವ್ಯಾಪಾರಿ ಹೋದರೆ ಆ ದಿನ ಎಲ್ಲರೂ ಷಟರ್ ಅರ್ಧ ಇಳಿಸುತ್ತಾರೆ. ಮೊದಲೇ ಮಾತಾಗಿದ್ದ ಮಾಲು ಕೊಡಬಹುದು. ಹೊಸ ದರ ಹೇಳುವಂತಿಲ್ಲ. ಹೋದವನು ಎದುರಾಳಿಯಾಗಿದ್ದರೆ ಇನ್ನೂ ಬಿಗಿ.)

ಚೈತ್ರಶ್ರೀ ಆಟವನ್ನು ಪಾಜ್ ಮಾಡಿ ನಿಲ್ಲಿಸಿದಳು. ದಾನಪ್ಪ ಒಂದು ಕಾಲೆತ್ತಿ ನಿಂತ. ನಾನೂ ಪೆನ್ನೆತ್ತಿ ನಿಂತೆ.

"ಮಾವ, ಲಿಂಗ ಕಟ್ಟಿದೋರು ನಾವು, ನಮ್ಮಲ್ಲಿ ಸೂತಕನೇ ಇಲ್ಲಲ್ಲ."

"ಸೂತಕ ಇಲ್ಲ. ನಾಚ್ಕಿ ಐತಿ."

"ಮೊದ್ಲೇ ಮಾತಾಗಿದ್ದ ಮಾಲು ಕೊಡ್ಬೌದು ಅಲ್ದಾ? ಅವ್ನು ಸಾಯೋಕಿಂತ ಮುಂಚೆನೇ ನಾನು ಕೆಂಪು ತಗಂಡಿದ್ದು."

"ಸಾಯ್ತಾನ ಅಂತ ಗೊತ್ತಿದ್ದು ತಗೊಂಡಿ."

"ಅದು ಹೌದು."

"ಸಾಯ್ಸಿದಾಕೀನೂ ನೀನ."

"ಅದೂ ಹೌದನ್ನಿ."

ಒಳಗಿನಿಂದ ಜಗದಾಂಬ ಲಟ್ಟಣಿಗೆ ಹಿಡಿದೇ ಬಂದರು. "ಕೊಲೆ ಮಾಡೋವಾಗ ಬಾಯ್ ತಕ್ಕೊಂಡು ನೋಡಿದ್ರಲ್ರೀ, ಅವಾಗ ಎಲ್ಲಿ ಹೋಗಿತ್ತು ನಾಚ್ಕಿ? ನಿಮ್ ಎದುರಂಗಡಿ ಜಟ್ಟಪ್ಪಣ್ಣ ತೀರಿಹೋದ ದಿನ ನಿಮ್ ರಾಜಕುಮಾರ ಹಿಂದಿನ ಬಾಗ್ಲಾಗ ಎರಡು ಲಾರಿ ಲೋಡ್ ಮಾಡ್ಲಿಲ್ಲೇನು? ಅವಂಗೊಂದು, ಈಕೀಗೊಂದು?"

ವೀರಬಸಪ್ಪ ಮೊಣಕಾಲು ಒತ್ತಿಕೊಂಡರು. "ಗೊತ್ತೈತಿ. ಅವ ಏನು ಮಾಡ್ತಾನ ಅಂತ ಅವತ್ತೇ ಗೊತ್ತಾತು. ಈಕಿ ಏನು ಮಾಡ್ತಾಳ ಅಂತ ನೋಡಾಕ ಕುಂತೀನಿ."

ನೋಡಿ ಈಗ. ಮಾರಿದರೆ ಷರತ್ತು ಗೆದ್ದು ಮಾವನ ಕಣ್ಣಿನಲ್ಲಿ ರಾಜಕುಮಾರ್ ಆಗುತ್ತಾಳೆ. ಮಾರದಿದ್ದರೆ ಷರತ್ತು ಸೋತು ನಿಜವಾದ ರಾಜಕುಮಾರನಿಗೆ ಗಾದಿ ಹೋಗುತ್ತದೆ. ಈ ಗಂಟು ಹಾಕಿದ್ದು ನಾನೇ. ಬಿಚ್ಚುವ ದಾರಿ ನನಗೂ ಗೊತ್ತಿಲ್ಲ. ಮೂರು ಮುಕ್ತಾಯ ಬರೆದೆ. ಮೂರನ್ನೂ ಅವರಿಗೇ ಓದಿ ಹೇಳಿದೆ.

ಮುಕ್ತಾಯ ಅ.

ಮಾರಿದಳು. ವೀರಬಸಪ್ಪ ಮಾತಿಗೆ ತಪ್ಪುವವರಲ್ಲ. ಬೀಗದ ಕೈ ಕೊಟ್ಟರು. ಅವತ್ತು ಊಟದಲ್ಲಿ ಮಾತಾಡಲಿಲ್ಲ. ಮರುದಿನವೂ ಇಲ್ಲ.

"ಇದೆಂತದು? ಗೆದ್ದಂಗಾ, ಸೋತಂಗಾ?" ಎಂದಳು ಚೈತ್ರಶ್ರೀ. "ಅಂಗಡಿ ಸಿಕ್ಕಿ, ಕೇಳಾಕೆ ಮಾವನೇ ಇಲ್ಲ ಅಂದ್ರೆ ನಾನು ಯಾರ ಹತ್ರ ಕಲೀಲಿ?"

ಮುಕ್ತಾಯ ಆ.

ಮಾರಲಿಲ್ಲ. ದಾನಪ್ಪನನ್ನು ಮಲಗಿಸಿದಳು. ಬೆಳಗಾಯಿತು, ದರ ಬಿದ್ದಿತು. ವೀರಬಸಪ್ಪನವರ ಕಣ್ಣು ತುಂಬಿ ಬಂತು. ಬೀಗದ ಕೈ ನೀಡಿದರು.

"ಕಣ್ಣೀರು? ನಾನು?" ಎಂದು ವೀರಬಸಪ್ಪ ಗುಡುಗಿದರು. "ಧೂಳು ಬಿದ್ದಿತ್ತು ಅಂತ ಬರೀರಿ!"

ಚೈತ್ರಶ್ರೀ ಇನ್ನೂ ಸಿಟ್ಟಾದಳು. "ನಷ್ಟ ಮಾಡ್ಕಂಡಿದ್ದಕ್ಕೆ ಬಹುಮಾನ ಕೊಡದಾ? ಹಂಗೆ ಯಾವ ಮಂಡಿ ನಡೀತದೆ ಮಾರಾಯ್ರೆ? ಸೊರಬದೋರು ಒಳ್ಳೆಯೋರು ಅಂತ ಎಲ್ರೂ ಹೇಳ್ತಾರೆ. ದಡ್ಡರು ಅಂತ ನೀವೊಬ್ರೇ ಬರೆಯದು."

ಮುಕ್ತಾಯ ಇ.

ಕರೆಂಟು ಹೋಯಿತು. (ದಿಕ್ಕು ತೋಚದ ಕಥೆಗಾರರಿಗೆ ನಮ್ಮ ಕಡೆ ಇದೊಂದು ಸರ್ಕಾರಿ ಸೌಲಭ್ಯ.)

"ಯುಪಿಎಸ್ ಐತ್ರೀ," ಎಂದರು ಜಗದಾಂಬ.

೭.

ಹಾಗಾಗಿ ಮುಂದಿನದನ್ನು ನಾನು ಬರೆಯಲಿಲ್ಲ. ಅವರು ಮಾಡಿದರು, ನಾನು ನೋಡಿದೆ. ನೋಡಿದಷ್ಟನ್ನು ಹೇಳುತ್ತೇನೆ.

ವೀರಬಸಪ್ಪ ಹೆಗಲ ಮೇಲಿನ ಟವೆಲ್ ತೆಗೆದು ಒಂದು ಸಲ ಕೊಡವಿದರು. ರಿಮೋಟು ಹಿಡಿದ ಸೊಸೆಯ ಕೈಯ ಮೇಲೆ ಹಾಸಿದರು. ತಮ್ಮ ಬಲಗೈಯನ್ನೂ ಅದರೊಳಗೆ ತೂರಿಸಿದರು.

ಹಳೆಯ ದಲಾಲರು ದೊಡ್ಡ ವ್ಯಾಪಾರದ ದರವನ್ನು ಬಾಯಲ್ಲಿ ಹೇಳುವುದಿಲ್ಲ. ಟವೆಲ್ಲಿನ ಕೆಳಗೆ ಒಬ್ಬರ ಬೆರಳು ಇನ್ನೊಬ್ಬರು ಹಿಡಿದು ಕೇಳುತ್ತಾರೆ, ಮಡಿಸಿ ಹೇಳುತ್ತಾರೆ, ಬಿಟ್ಟು ಒಲ್ಲೆ ಅನ್ನುತ್ತಾರೆ. ಸುತ್ತ ನಿಂತವರಿಗೆ ಏನೂ ತಿಳಿಯುವುದಿಲ್ಲ. (ಸಾವಿನ ದಿನ ಹೊಸ ದರ ಹೇಳುವಂತಿಲ್ಲ ಅಂದಿದ್ದೆ; ಬಾಯಿ ಬಿಡದೆ ಕೇಳುವಂತಿಲ್ಲ ಅಂತ ಯಾರೂ ಅಂದಿಲ್ಲ.) ಈ ಟವೆಲ್ಲನ್ನು ವೀರಬಸಪ್ಪ ಮಗನಿಗೆ ಹಾಸಿದ್ದಿಲ್ಲ, ರಾಜಕುಮಾರನಿಗೂ ಹಾಸಿದ್ದಿಲ್ಲ. ಅದು ಇನ್ನೊಬ್ಬ ವ್ಯಾಪಾರಿಗೆ ಮಾತ್ರ.

"ರೀ! ಸೊಸಿ ಕೈ ಹಿಡೀತೀರಲ್ರೀ!" ಎಂದರು ಜಗದಾಂಬ.

"ಇಲ್ಲಿ ಸೊಸಿ ಯಾರೂ ಇಲ್ಲ, ಸುಮ್ನಿರು. ವ್ಯಾಪಾರ ನಡದೈತಿ."

ಚೈತ್ರಶ್ರೀ ಟವೆಲ್ಲಿನ ಕಡೆ ನೋಡಿದಳು. "ನಂಗೆ ಈ ಲೆಕ್ಕ ಬರಲ್ಲ ಮಾವ."

"ಬರ್ತದ. ನಾ ಹಿಡದ್ರ ಕೇಳಿದಂಗ. ಒಪ್ಗಿ ಇಲ್ಲಾಂದ್ರ ಬಿಡಿಸ್ಕೋ."

ಟವೆಲ್ಲಿನ ಒಳಗೆ ಏನೋ ಅಲುಗಿತು. ಅವಳು ತಲೆ ಆಡಿಸಿದಳು, ಬೇಡ. ಮತ್ತೆ ಅಲುಗಿತು. ಅವಳ ಹುಬ್ಬು ಗಂಟಾಯಿತು. ಈ ಸಲ ಅವಳೇ ಏನನ್ನೋ ಹಿಡಿದಿರಬೇಕು, ವೀರಬಸಪ್ಪನವರ ಬಾಯಿ ತೆರೆದೇ ಉಳಿಯಿತು.

"ಯಾತಕ್ಕ ಮಾತು ಅದು? ಷೇರಿಗೋ ಗಾದಿಗೋ?" ಎಂದರು ಜಗದಾಂಬ. ನಾನೂ ಅದನ್ನೇ ಕೇಳಬೇಕೆಂದಿದ್ದೆ. ಟವೆಲ್ ಇನ್ನೊಮ್ಮೆ ಅಲುಗಿತು. ಟೀವಿಯಲ್ಲಿ 'ಮಾರು' ಗುಂಡಿ ಮಿಣುಕುತ್ತಲೇ ಇದೆ. ರಿಮೋಟೂ ಟವೆಲ್ಲಿನ ಒಳಗೇ ಇದೆ.

ನಾನು ಮೆಲ್ಲಗೆ ಬಗ್ಗಿ ಟವೆಲ್ಲಿನ ಅಂಚು ಎತ್ತಲು ಹೋದೆ. ಬರೆಯುವವಳು ನಾನಲ್ಲವೇ, ಅಷ್ಟು ಹಕ್ಕಿಲ್ಲವೇ?

"ಕೈ ತಗೀರಿ," ಎಂದಳು ಚೈತ್ರಶ್ರೀ, ನನ್ನ ಕಡೆ ತಿರುಗದೆ.

"ಅಯ್ಯಯ್ಯಯ್ಯ!" ವೀರಬಸಪ್ಪ ಮಂಡಿಯ ನೋವು ಮರೆತು ಅರ್ಧ ಎದ್ದೇಬಿಟ್ಟರು. "ಇಷ್ಟಕ್ಕ ಬಿಡಲ್ಲಂತಾಳಲ್ಲೇ ಈಕಿ! ನೋಡೇ, ನೋಡೇ ಇಲ್ಲಿ!"

ನೋಡಲು ಏನೂ ಕಾಣುವುದಿಲ್ಲ. ಟವೆಲ್ ಅಲ್ಲಾಡುವುದಷ್ಟೇ ಕಾಣುತ್ತದೆ.

ಇನ್ನೂ ಅಲ್ಲಾಡುತ್ತಿದೆ.