ರಕ್ಷಾವಿಸರ್ಜನೆಯ ಕೆಳಗೊಂದು ಸಾಲು

ಏಕಸಂಬಿಯ ಚೌಕದಲ್ಲಿ ಒಂದು ಕರಿಹಲಗೆ ಇದೆ. ಯಾರು ತೀರಿಕೊಂಡರು, ಮೂರನೆಯ ದಿನ ಬೂದಿ ತುಂಬುವ ರಕ್ಷಾವಿಸರ್ಜನೆ ಎಷ್ಟು ಗಂಟೆಗೆ, ಎಲ್ಲ ಅದರಿಂದಲೇ ತಿಳಿಯಬೇಕು. ಹಲಗೆಯ ಕೆಳಗಿನರ್ಧ ಹಾಲೇಶ ಸರ್ ಅವರದು. ಚಿಕ್ಕೋಡಿಯ ಕಾಲೇಜಿನಲ್ಲಿ ತತ್ವಶಾಸ್ತ್ರ ಕಲಿಸಿ ನಿವೃತ್ತರಾದ ಈ ಬ್ರಹ್ಮಚಾರಿ ದಿನಾ ಬೆಳಿಗ್ಗೆ ಸೀಮೆಸುಣ್ಣ ಹಿಡಿದು ಬಂದು ಸಮಾಜದ ಕಿವಿ ಹಿಂಡುತ್ತಿದ್ದರು.

ನಮ್ಮೂರ ಮಂದಿ ಅದಕ್ಕೆ ಬಗ್ಗುವವರೇ? ಬೈಕ್ ಕೂಡ ನಿಲ್ಲಿಸದೆ "ಛಲೋ ಬರದೀರಿ ಸರ್" ಅನ್ನುತ್ತ ಹೋಗಿಬಿಡುತ್ತಿದ್ದರು. ಹುಟ್ಟುಹಬ್ಬದ ಬ್ಯಾನರುಗಳನ್ನು ಸರ್ ಬೈದು ಬರೆದ ದಿನ, ಬ್ಯಾನರಿನಲ್ಲಿ ಕರಿ ಕನ್ನಡಕ ಹಾಕಿ ನಗುತ್ತಿದ್ದ ವಿಕ್ರಾಂತನೇ ಕೈಮುಗಿದು "ಛಲೋ ಬರದೀರಿ ಸರ್" ಅಂದ! ಕೋಣನ ಮುಂದೆ ಕಿನ್ನರಿ ಬಾರಿಸಿದರೆ ಕೋಣ ಬಾಲವನ್ನಾದರೂ ಆಡಿಸೀತು. ಸರ್ ಪೆಚ್ಚಾಗಿ ಮನೆಗೆ ಹೋದರು. "ನಿಮ್ಮದು ತಪ್ಪು" ಎಂದು ಜಗಳಕ್ಕಾದರೂ ಒಬ್ಬರು ಬಂದು ಕೂರಲಿ ಎಂಬುದೊಂದೇ ಅವರ ಆಸೆ. ಮನೆಯಲ್ಲಿ ಎರಡು ಕುರ್ಚಿಗಳಿದ್ದವು. ಎರಡನೆಯದರ ಮೇಲೆ ಹಳೆಯ ಪೇಪರುಗಳ ರಾಶಿ.

ಹೋದ ತಿಂಗಳು ಅವರದೇ ಗಲ್ಲಿಯ ಶಿವಗಂಗವ್ವ ತೀರಿಕೊಂಡಳು. ಹಲಗೆಯ ಮೇಲೆ ಅವಳ ಹೆಸರು, ರಕ್ಷಾವಿಸರ್ಜನೆಯ ವೇಳೆ ಬಿದ್ದವು. ಕೆಳಗೆ ಸರ್ ಬರೆದರು: "ಬೂದಿಗೆ ಬರುವ ಇಷ್ಟು ಮಂದಿಯಲ್ಲಿ ಒಬ್ಬರಾದರೂ ಆಕೆ ಬದುಕಿದ್ದಾಗ ಹೋಗಿ ಕೂತಿದ್ದರೆ?"

ಊರಿಗೆ ಮೈಮೇಲೆ ಮೆಣಸಿನಕಾಯಿ ಅರೆದಂತಾಯಿತು. ಶಿವಗಂಗವ್ವನ ಮಗ ಶಿವರಾಜ ಎಲ್ಲರೆದುರು ಬಂದು ಅಂಗಿಯ ತೋಳಿನಿಂದ ಆ ಸಾಲನ್ನು ಉಜ್ಜಿ ಅಳಿಸಿದ. ಸಿಟ್ಟಿನ ಕೈಗೆ ಅಂದಾಜೆಲ್ಲಿ? ಮೇಲಿದ್ದ ಅವ್ವನ ಹೆಸರೂ ಅರ್ಧ ಅಳಿಸಿಹೋಯಿತು.

ಅಂದಿನಿಂದ ಸರ್ ಜೊತೆ ಯಾರೂ ಮಾತಾಡಲಿಲ್ಲ. ಅವರು ಚೌಕಕ್ಕೆ ಬಂದರೆ ಕಟ್ಟೆ ಮೇಲಿದ್ದವರು ಎದ್ದು ಹೋಗುತ್ತಿದ್ದರು. ಆ ಒಣ ಹೊಗಳಿಕೆಯೂ ಇಲ್ಲದ ಮೇಲೆ, ತಾವು ಎಷ್ಟು ಒಂಟಿ ಎನ್ನುವುದು ಅವರಿಗೆ ಮೊದಲ ಸಲ ಗೊತ್ತಾಯಿತು. ಬರೆಯುವುದನ್ನೂ ಬಿಟ್ಟರು.

ಮುಂದಿನದನ್ನು ಶಿವರಾಜನೇ ನನಗೆ ಹೇಳಿದ್ದು. ಒಂದು ಸಂಜೆ ಅವನು ಸರ್ ಮನೆಯ ಬಾಗಿಲು ಬಡಿದ.

"ಬೈಯಾಕ ಬಂದೇನ್ರಿ ಸರ್. ನಾ ಹೊತ್ತು ಹುಟ್ಟೂದ್ರಾಗ ನಿಪ್ಪಾಣಿ ತಂಬಾಕ ವಖಾರಿಗೆ ದುಡಿಯಾಕ ಹೋಗಾಂವ. ಅವ್ವನ ಹಂತ್ಯಾಕ ಕೂಡಾಕ ನನಗ ಪುರಸೊತ್ತ ಎಲ್ಲಿತ್ರಿ? ನೀವು ನಾಕ ಮನಿ ಆಚೆ ಇದ್ರಿ. ದಿನಾ ನಮ್ಮ ಬಾಗಲಾ ದಾಟೇ ಹಲಗಿಗೆ ಹೋಗ್ತಿದ್ರಿ. ಒಂದಿನಾ ಒಳಗ ಬಂದ್ರ್ಯಾ?"

ಇಷ್ಟು ವರ್ಷ ಕಾದಿದ್ದ ಜಗಳ ಮನೆ ಬಾಗಿಲಿಗೆ ಬಂದಿತ್ತು.

"ಇಲ್ಲಪಾ," ಅಂದರು ಸರ್. "ನನ್ನ ಮನಿಗೆ ಯಾರರೆ ಬರ್ಲಿ ಅಂತ ಬರಕೋತ ಕುಂತೆ. ನಾ ಯಾರ ಮನಿಗೂ ಹೋಗ್ಲಿಲ್ಲ."

ಶಿವರಾಜ ಹೊಸ್ತಿಲಲ್ಲೇ ನಿಂತಿದ್ದ. ಅಷ್ಟು ಹೊತ್ತು ತಡೆದಿದ್ದ ಅಳು ಅವನಿಗೆ ಒಮ್ಮೆಲೆ ಬಂತು. ಸರ್ ಒಳಗೆ ಹೋಗಿ ಎರಡನೆಯ ಕುರ್ಚಿಯ ಮೇಲಿನ ಪೇಪರುಗಳನ್ನೆಲ್ಲ ನೆಲಕ್ಕೆ ಹಾಕಿದರು.

"ಇನ್ನೂ ಬೈಯೂದ ಐತೇನ?"

"ಭಾಳ ಐತ್ರಿ."

"ಹಂಗಾರ ಕುಂತು ಬೈ. ಚಹಾ ಇಡ್ತೀನಿ."