ಏಳು ಗೇಟಿನ ದಾರಿ

"ಸತ್ತೋನಿಗೇನೇ ಅವಸರ? ಹಳೇ ರೋಡಲ್ಲೇ ನಿಧಾನಕ್ಕೆ ಹೋಗ್ಲಿ."

ಸೂಪರ್‌ವೈಸರ್ ಹಾಗಂದು ಹಲ್ಲಿನ ಸಂದಿಗೆ ಕಡ್ಡಿ ತೂರಿಸಿಕೊಂಡ. ಎದುರಿಗಿದ್ದ ಗುಮಾಸ್ತ ಕಂಪ್ಯೂಟರಿನಿಂದ ತಲೆ ಎತ್ತಲಿಲ್ಲ. ಅವಳು ಬಾಗಿಲ ಬಳಿ ನೆಲದ ಮೇಲೆ ಕೂತಿದ್ದಳು. ಹೆದ್ದಾರಿ ಕೆಲಸದ ಆಫೀಸೆಂದರೆ ತಗಡಿನ ಡಬ್ಬಿ. ಒಂದು ಮೇಜು, ಎರಡು ಕುರ್ಚಿ, ಗೋಡೆಯ ಮೇಲೆ ಹೆದ್ದಾರಿಯ ನಕ್ಷೆ. ಬಾಗಿಲಿನಾಚೆ ಬಾಡಿಗೆಯ ಗೂಡ್ಸ್ ವ್ಯಾನು ನಿಂತಿತ್ತು. ಅದರೊಳಗೆ ಆಸ್ಪತ್ರೆಯ ಬಿಳಿ ಬಟ್ಟೆ ಸುತ್ತಿಕೊಂಡು, ಎರಡು ಐಸ್ ಗಡ್ಡೆಗಳ ನಡುವೆ ಅವಳ ಗಂಡ ಮಲಗಿದ್ದ.

"ಎಷ್ಟಾಗುತ್ತೆ ಅಂತಾದ್ರೂ ನೋಡಿ ಸಾರ್," ಅಂದಳು ಅವಳು. "ಹೊಸ ರೋಡಲ್ಲಾದ್ರೆ ಮಧ್ಯಾಹ್ನದೊಳಗೆ ಊರು ಸೇರ್ತೀವಿ. ಬಿಸಿಲು ಜಾಸ್ತಿ."

"ನೋಡಯ್ಯಾ, ನೋಡಿ ಹೇಳು ಇವಳಿಗೆ," ಎಂದ ಸೂಪರ್‌ವೈಸರ್.

ಗುಮಾಸ್ತ ಊರಿನ ಹೆಸರು ಕೇಳಿದ. ಹೇಳಿದಳು. ಎರಡು ಸಲ ಕೀಲಿ ಕುಟ್ಟಿ, "ಇಂಥ ಊರೇ ಇಲ್ಲ ಇದ್ರಲ್ಲಿ," ಎಂದ.

"ಇದೆ ಸಾರ್. ನಮ್ಮತ್ತೆ, ನನ್ ಮಗಳು ಅಲ್ಲೇ ಇರೋದು."

"ಹತ್ರದ ಪೇಟೆ ಯಾವ್ದಿದೆ, ಅದನ್ ಹೇಳಮ್ಮ." ಹೇಳಿದಳು. "ಗಾಡಿ? ಕಾರಾ, ಗೂಡ್ಸಾ? ಲೋಡಾ, ಖಾಲೀನಾ?" ಬಾಯಿಗೆ ರೂಢಿಯಾಗಿದ್ದ ಪ್ರಶ್ನೆ. ಕೇಳಿದ ಮೇಲೆ ಗುಮಾಸ್ತ ನಾಲಿಗೆ ಕಚ್ಚಿಕೊಂಡ.

ಸೂಪರ್‌ವೈಸರ್ ನಕ್ಕ. "ಹೋಗೋವಾಗ ಲೋಡು, ಬರೋವಾಗ ಖಾಲಿ. ಬರ್ಕೊ."

"ಎರಡಕ್ಕೂ ಅದೇ ರೇಟು ಸಾರ್. ಏಳು ಟೋಲ್ ಗೇಟು ಬರುತ್ತೆ. ಹೋಗಿ ಬರೋಕೆ ಎರಡು ಸಾವಿರದ ಮುನ್ನೂರ ನಲವತ್ತು. ಅದೇ ದಿನ ವಾಪಸ್ ಬಂದ್ರೆ ಸ್ವಲ್ಪ ಕಮ್ಮಿ. ಆರು ಗಂಟೆ ದಾರಿ. ಹಳೇ ರೋಡಾದ್ರೆ ಹನ್ನೆರಡು, ಹದಿಮೂರು."

"ಕೇಳಿಸ್ಕೊಂಡ್ಯಾ? ಡೀಸೆಲ್ ನಂದು, ಐಸ್ ನಂದು, ಡ್ರೈವರ್ ಭತ್ಯೆ ನಂದು. ಇನ್ನು ಟೋಲೂ ನಾನೇ ಕಟ್ಬೇಕಾ? ನಿನ್ ಗಂಡ ಏನು ಮಂತ್ರೀನಾ?" ಆಮೇಲೆ ಡ್ರಾಯರಿನಿಂದ ಒಂದು ಹಾಳೆ ತೆಗೆದು ಅವಳ ಮುಂದೆ ನೆಲಕ್ಕೆ ಹಾಕಿದ. ದನಿ ಸ್ವಲ್ಪ ಮೆತ್ತಗಾಯಿತು. "ಒಂದು ಕೆಲ್ಸ ಮಾಡು. ಇದಕ್ಕೊಂದು ಸಹಿ ಹಾಕು. ಏಳು ಗೇಟೂ ನಂದು."

ಅವಳಿಗೆ ಓದಲು ಬರುತ್ತಿತ್ತು, ನಿಧಾನಕ್ಕೆ. ಬೆರಳಿಟ್ಟು ಅಕ್ಷರ ಅಕ್ಷರವಾಗಿ ಓದಿದಳು. ನನ್ನ ಗಂಡನು ಕೆಲಸದ ವೇಳೆಯಲ್ಲಿ ಕುಡಿದು, ಯಾರ ಮಾತನ್ನೂ ಕೇಳದೆ, ತಾನಾಗಿಯೇ ರಸ್ತೆಯ ಮಧ್ಯಕ್ಕೆ ಬಂದು. ಅಲ್ಲಿಗೆ ಬೆರಳು ನಿಂತಿತು.

"ನಮ್ಮನೆಯವ್ರು ಕುಡೀತಿರ್ಲಿಲ್ಲ ಸಾರ್."

"ಕುಡೀದೇ ಇರೋ ಕೂಲಿ ಯಾವನೇ ಇದಾನೆ?"

"ನೀವು ಕೋನ್ ಎತ್ತಿಸಿದ್ರಲ್ಲ. ಅದಕ್ಕೇ..."

ಸೂಪರ್‌ವೈಸರ್ ಬಾಯಿಂದ ಕಡ್ಡಿ ತೆಗೆದ. "ಎತ್ತಿದ್ದು ಯಾರೇ ಮುಂಡೆ? ಯಾರ ಕೈ ಎತ್ತಿದ್ದು? ಬೊಗಳು. ಪೊಲೀಸ್ರು ಬಂದು ಕೇಳಿದ್ರೆ ಯಾರ ಹೆಸ್ರು ಹೇಳ್ಬೇಕು ನಾನು?"

ಅವಳು ತನ್ನ ಕೈಗಳನ್ನು ಸೆರಗಿನೊಳಗೆ ಎಳೆದುಕೊಂಡಳು.

ಎತ್ತಿದ್ದು ಅವಳೇ. ಹಿಂದಿನ ದಿನ ಸಂಜೆ ಐದರ ಹೊತ್ತು. ವಾಹನ ಬಾರದಂತೆ ಕೋನ್‌ಗಳನ್ನು ಅಡ್ಡ ಇಟ್ಟು ಮುಚ್ಚಿದ ಲೇನಿನಲ್ಲಿ ಗಂಡ ಬಿಸಿ ಬಣ್ಣದ ಗಾಡಿ ತಳ್ಳುತ್ತಾ ಬಿಳಿ ಪಟ್ಟೆ ಎಳೆಯುತ್ತಿದ್ದ. ಎಲ್ಲರೂ ಅವನನ್ನು ರೇಡಿಯೋ ಅಂತಲೇ ಕರೆಯುತ್ತಿದ್ದರು. ಬೆಳಿಗ್ಗೆ ಬಾಯಿ ತೆರೆದರೆ ಮಲಗುವ ತನಕ ಮುಚ್ಚುತ್ತಿರಲಿಲ್ಲ. ಮುಂದಿನ ಗೇಟಿನಿಂದ ಸೂಪರ್‌ವೈಸರಿಗೆ ಫೋನು ಬಂತು. ಒಂದು ಲೇನು ಮುಚ್ಚಿದ್ದರಿಂದ ಕಾರುಗಳು ಸಾಲುಗಟ್ಟಿ, ಬೇಸತ್ತು ಹಳೇ ರೋಡಿಗೆ ತಿರುಗುತ್ತಿವೆ, ಕಲೆಕ್ಷನ್ ಬಿದ್ದುಹೋಗುತ್ತಿದೆ ಎಂದು. "ಕೋನ್ ಎತ್ತೇ, ಲೇನ್ ಬಿಡು!" ಎಂದು ಅವನು ಜೀಪಿನೊಳಗಿಂದಲೇ ಕೂಗಿದ. ಅವಳು ಗಂಡನ ಕಡೆ ನೋಡಿದಳು. "ಇನ್ನು ಹತ್ತು ನಿಮಿಷ ಸಾರ್, ಮುಗಿದೇ ಹೋಯ್ತು," ಎಂದು ಅವನು ಕೂಗಿದ. "ಎತ್ತೇ ಬೇವರ್ಸಿ, ಕೂಲಿ ಬೇಡ್ವಾ?" ಅವಳು ಎತ್ತಿದಳು. ಒಂದರೊಳಗೊಂದು ಸಿಕ್ಕಿಸಿ, ಎದೆಗವಚಿ, ಬದಿಗೆ ತಂದಿಟ್ಟಳು. ಕೊನೆಯ ಕಂತೆ ಇಟ್ಟು ತಿರುಗುವಷ್ಟರಲ್ಲಿ ಆಗಿಹೋಗಿತ್ತು. ಬಿಳಿ ಕಾರು. ನಿಲ್ಲಲಿಲ್ಲ.

"ಸಹಿ ಹಾಕ್ತೀಯೋ, ಹೊರಡ್ತೀಯೋ?"

ಅವಳು ಹಾಳೆಯನ್ನು ಮೇಜಿನ ಮೇಲಿಟ್ಟು ಹೊರಗೆ ಬಂದಳು.

ಕೂಲಿಯವರ ಶೆಡ್ಡುಗಳ ಸಾಲಿನಿಂದ ಯಾರೂ ಬಂದಿರಲಿಲ್ಲ. ಹೆಣದ ಜೊತೆ ಹೋದವರಿಗೆ ವಾರದ ಕೂಲಿ ಕಟ್ ಎಂದು ಮೇಸ್ತ್ರಿ ಬೆಳಿಗ್ಗೆಯೇ ಹೇಳಿಬಿಟ್ಟಿದ್ದ. ಮೂರು ವರ್ಷ ಒಂದೇ ನಲ್ಲಿಯಲ್ಲಿ ನೀರು ಹಿಡಿದ ಪಕ್ಕದ ಶೆಡ್ಡಿನವಳು ಜಲ್ಲಿ ಬುಟ್ಟಿ ಹೊತ್ತು ಎದುರಿಗೇ ಬಂದಳು. ಬುಟ್ಟಿ ಇಳಿಸಲಿಲ್ಲ. "ಹೋಗ್ಬಿಟ್ಟು ಬಾ," ಎಂದು ನೆಲ ನೋಡುತ್ತಾ ಹೇಳಿ ದಾಟಿಹೋದಳು.

ವ್ಯಾನಿನ ಡ್ರೈವರ್ ಐವತ್ತು ದಾಟಿದವನು. "ಮುಂದೆ ಕೂತ್ಕೊ ತಂಗೀ, ಹಿಂದೆ ಆಗಲ್ಲ ನಿನ್ ಕೈಲಿ," ಎಂದ. ಅವಳು ಹಿಂದೆಯೇ ಹತ್ತಿದಳು.

ಹಳೇ ರೋಡು ಹೆಸರಿಗಷ್ಟೇ ರೋಡು. ಹೆದ್ದಾರಿಗೆ ಮಣ್ಣು ಹೊತ್ತ ಲಾರಿಗಳೇ ಅದನ್ನು ಅಗೆದುಹಾಕಿದ್ದವು. ವ್ಯಾನು ಗುಂಡಿಯಿಂದ ಗುಂಡಿಗೆ ಇಳಿಯುವಾಗ ಗಂಡನ ತಲೆ ಆ ಕಡೆ ಈ ಕಡೆ ಹೊರಳುತ್ತಿತ್ತು. ಅವಳು ಅದನ್ನು ಎರಡೂ ಪಾದಗಳ ನಡುವೆ ಹಿಡಿದು ಕೂತಳು. ಅದು ಸರಿಯಲ್ಲ ಅನ್ನಿಸಿ ತೊಡೆಯ ಮೇಲೆ ಎತ್ತಿಕೊಂಡಳು. ಐಸಿನ ನೀರು ಸೀರೆಯ ಒಳಗೆ ಇಳಿಯಿತು. ತೊಡೆ ಮೊದಲು ಉರಿಯಿತು, ಆಮೇಲೆ ಜೋಮು ಹಿಡಿಯಿತು.

ಎಷ್ಟೋ ಸಲ ಅವಳು ಅವನಿಗೆ ಹೇಳಿದ್ದಳು, ಒಂದು ಗಳಿಗೆ ಬಾಯಿ ಮುಚ್ಕೊಂಡಿರಯ್ಯಾ, ತಲೆ ಸಿಡೀತಿದೆ ಅಂತ. ಆಗವನು ಬಾಯಿಯ ಮೇಲೆ ಕೈ ಇಟ್ಟುಕೊಂಡು ಕಣ್ಣಲ್ಲೇ ಏನೇನೋ ಹೇಳುತ್ತಿದ್ದ. ನಗು ತಡೆಯಲಾಗದೆ ಅವಳೇ ಸೋಲುತ್ತಿದ್ದಳು. ಈಗ ವ್ಯಾನಿನಲ್ಲಿ ತಗಡು ಕುಲುಕುವ ಸದ್ದೊಂದೇ. ಏನಾದರೂ ಮಾತಾಡಬೇಕು ಅನ್ನಿಸಿತು. ಏನು ಹೇಳುವುದು? ಮಾತೆಲ್ಲ ಅವನದೇ ಆಗಿತ್ತು. ಅವಳು ಊಂ ಅಂದರೆ ಸಾಕಾಗುತ್ತಿತ್ತು. ಅವಳು ಒಮ್ಮೆ "ಊಂ" ಅಂದಳು. ಹಾಗಂದದ್ದು ತನ್ನ ಕಿವಿಗೇ ಕೇಳಿ ಹೆದರಿಕೆಯಾಯಿತು.

ಫೋನು ಬಂತು. ಅತ್ತೆ.

"ಎಲ್ಲಿದೀರೇ? ಗುಂಡಿ ತೋಡಿ ಆಯ್ತು. ಎಷ್ಟೊತ್ತಿಗೆ ಬರ್ತೀರಾ?"

"ದಾರೀಲಿದೀವಿ ಅತ್ತೆ. ಕತ್ತಲಾಗ್ಬೋದು."

"ಅಷ್ಟು ದೊಡ್ಡ ರೋಡು ಮಾಡಿದೀವಿ, ಊರು ಬಾಗ್ಲಿಗೇ ಬಂದ್ಬಿಡ್ತು ಅಂತಿದ್ನಲ್ಲೇ ನನ್ ಮಗ. ಕತ್ತಲು ಯಾಕಾಗುತ್ತೆ?"

ಆ ಕಡೆ ಮಗಳು "ಅಪ್ಪನಿಗೆ ಕೊಡಜ್ಜಿ" ಎಂದು ಫೋನಿಗೆ ಕೈ ಹಾಕಿದ್ದು ಕೇಳಿಸಿತು. ಅವಳು ಫೋನು ಇಟ್ಟುಬಿಟ್ಟಳು.

ಮಧ್ಯಾಹ್ನ ಕಳೆದು ಬಹಳ ಹೊತ್ತಾದ ಮೇಲೆ ವ್ಯಾನು ನಿಂತಿತು. ಎದುರಿಗೆ ನದಿ. ಹಳೆಯ ಸೇತುವೆಯ ಬಾಯಿಗೆ ಕಾಂಕ್ರೀಟ್ ದಿಮ್ಮಿಗಳನ್ನು ಅಡ್ಡ ಇಟ್ಟು ಬೋರ್ಡು ಹಾಕಿದ್ದರು: ಸೇತುವೆ ಶಿಥಿಲವಾಗಿದೆ, ವಾಹನಗಳು ಹೆದ್ದಾರಿ ಬಳಸತಕ್ಕದ್ದು.

"ಬೋಳೀಮಕ್ಳು," ಎಂದ ಡ್ರೈವರ್. "ಹೋದ ತಿಂಗ್ಳು ಇರ್ಲಿಲ್ಲ ಇದು." ಅವನು ಹಿಂದಿನ ಬಾಗಿಲು ತೆರೆದ. ವಾಸನೆ ಮೂಗಿಗೆ ಬಡಿದರೂ ಮುಖ ತಿರುಗಿಸಲಿಲ್ಲ. "ಹೆದ್ದಾರಿಗೆ ಹತ್ಲೇಬೇಕು ತಂಗೀ. ಹತ್ತಿದ ತಕ್ಷಣ ಗೇಟು. ನನ್ ಹತ್ರ ಇನ್ನೂರಿದೆ."

"ನನ್ ಹತ್ರ ಮೂವತ್ತಿದೆ ಅಣ್ಣ."

"ಸಾಕಾಗ್ಬೋದು ನಡಿ."

ಮೂರು ವರ್ಷ ಆ ರಸ್ತೆಯ ಮೇಲೆ ದುಡಿದವಳು, ಅದರ ಮೇಲೆ ಗಾಡಿಯಲ್ಲಿ ಹೋದದ್ದು ಅದೇ ಮೊದಲು. ಕುಲುಕಾಟ ನಿಂತುಹೋಯಿತು. ಗಂಡನ ತಲೆ ತೊಡೆಯ ಮೇಲೆ ಅಲ್ಲಾಡದೆ ನಿಂತಿತು. ಒಂದೇ ಒಂದು ಮೈಲಿ.

ಗೇಟಿನವನು ಗಾಜಿನ ಗೂಡಿನಿಂದ ಕೈ ಚಾಚಿದ. "ಫಾಸ್ಟ್‌ಟ್ಯಾಗಲ್ಲಿ ದುಡ್ಡಿಲ್ಲ. ಡಬಲ್ ಆಗುತ್ತೆ. ಮುನ್ನೂರ ಅರವತ್ತು."

"ಹೆಣ ಇದೆ ಸ್ವಾಮೀ ಗಾಡೀಲಿ," ಎಂದ ಡ್ರೈವರ್.

"ಆಂಬುಲೆನ್ಸ್ ಆಗಿದ್ರೆ ಫ್ರೀ. ಇದು ಗೂಡ್ಸು."

"ಇನ್ನೂರ ಮೂವತ್ತಿದೆ, ತಗೊಂಡು ಬಿಡಪ್ಪ."

"ನಮ್ಮಪ್ಪನ ಮನೆ ಗೇಟಾ ಇದು, ಚೌಕಾಸಿ ಮಾಡೋಕೆ? ಹಿಂದೆ ಗಾಡಿ ನಿಂತಿವೆ, ಪಕ್ಕಕ್ಕೆ ಹಾಕು!"

ಹಿಂದಿನಿಂದ ಹಾರ್ನು ಶುರುವಾಯಿತು. ಡ್ರೈವರ್ ವ್ಯಾನಿನ ಮಾಲೀಕನಿಗೆ ಫೋನು ಮಾಡಿದ. ಹಳೇ ರೋಡಿಗೆ ಅಂತ ಬಾಡಿಗೆ ಮಾತಾಡಿದ್ದು, ಟೋಲು ನನಗೆ ಸಂಬಂಧವಿಲ್ಲ ಎಂದು ಅವನು ಇಟ್ಟ. ಅವಳು ಸೂಪರ್‌ವೈಸರಿಗೆ ಮಾಡಿದಳು.

"ಗೊತ್ತಿತ್ತು ನಂಗೆ, ಮಾಡ್ತೀಯಾ ಅಂತ," ಎಂದಿತು ಆ ಕಡೆಯ ದನಿ. ಅವನು ಏನೋ ಅಗಿಯುತ್ತಿದ್ದ. "ಸಹಿ ಹಾಕ್ತೀನಿ ಅನ್ನು. ಐದೇ ನಿಮಿಷದಲ್ಲಿ ಟ್ಯಾಗಿಗೆ ದುಡ್ಡು ಬೀಳುತ್ತೆ. ಉಳಿದ ಗೇಟಿಗೂ ಹಾಕ್ತೀನಿ. ಹೂಂ ಅಂದ್ರೆ ಸಾಕು, ಪೇಪರ್ ಆಮೇಲೆ."

ಅವಳು ಫೋನು ಕಿವಿಗಿಟ್ಟುಕೊಂಡೇ ಗಂಡನ ಕಡೆ ನೋಡಿದಳು. ಬಿಳಿ ಬಟ್ಟೆಯ ಮೇಲೆ ಹಳದಿ ಕಲೆ ಎದ್ದಿತ್ತು. ಐಸು ಅಂಗೈಯಷ್ಟಾಗಿತ್ತು. ಇನ್ನೂ ಎರಡು ಗೇಟು. ಹೂಂ ಅಂದರೆ ಕತ್ತಲಾಗುವ ಮುಂಚೆ ಮಣ್ಣು. ಹೂಂ ಅಂದರೆ ಅವನು ಕುಡುಕ. ಮಗಳು ದೊಡ್ಡವಳಾಗಿ ಕೇಳಿದರೆ ಅದೇ ಉತ್ತರ.

"ಸಾರ್," ಎಂದಳು. "ಕೋನ್ ಎತ್ತಿದ್ದು ನಾನೇ. ಹೇಳ್ತೀನಿ ನಾನು, ಯಾರು ಕೇಳಿದ್ರೂ ಹೇಳ್ತೀನಿ. ಎತ್ತು ಅಂದಿದ್ದು ನೀವು. ಅದನ್ನೂ ಹೇಳ್ತೀನಿ."

"ಏಯ್, ಏನೇ..."

ಅವಳು ಫೋನು ಕೆಳಗಿಟ್ಟು ಇಳಿದಳು. ತೊಡೆ ಜೋಮು ಹಿಡಿದಿದ್ದರಿಂದ ಒಮ್ಮೆ ಮುಗ್ಗರಿಸಿ ಬಾಗಿಲು ಹಿಡಿದು ನಿಂತಳು.

"ಅಣ್ಣ, ಒಂದು ಕಡೆ ಹಿಡ್ಕೊ."

ಡ್ರೈವರಿಗೆ ಅರ್ಥವಾಯಿತು. "ಬೇಡ ತಂಗೀ. ನನ್ ಕೆಲ್ಸ ಹೋಗುತ್ತೆ."

"ನೀನು ಬಿಟ್ರೆ ಒಬ್ಳೇ ಎಳ್ಕೊತೀನಿ. ನೆಲಕ್ಕೆ ಬೀಳ್ತಾನೆ ಅವ್ನು. ಇನ್ನೊಂದ್ಸಲ ಬೀಳೋದು ಬೇಡ."

ಅವನು ಬಂದು ಕಾಲ ಕಡೆ ಹಿಡಿದ. ಇಬ್ಬರೂ ಸೇರಿ, ಗೇಟಿನ ಅಡ್ಡಕೋಲಿನ ಕೆಳಗೆ, ಲೇನಿನ ನಟ್ಟನಡುವೆ ಅವನನ್ನು ಇಳಿಸಿದರು. ಅವಳು ತಲೆಯ ಪಕ್ಕ ಕಾಲು ಮಡಚಿ ಕೂತಳು. ಡ್ರೈವರ್ ದೂರ ಹೋಗಿ ಕಂಬಕ್ಕೊರಗಿ ನಿಂತ.

ಹಿಂದಿನ ಕಾರಿನವನು ಬೈಯಲು ಇಳಿದ. ಹತ್ತು ಹೆಜ್ಜೆ ಬಂದವನು ಮೂಗಿಗೆ ಕೈ ಹಿಡಿದು ವಾಪಸು ಹೋಗಿ ಗಾಜು ಏರಿಸಿಕೊಂಡ. ಒಬ್ಬರ ಹಿಂದೊಬ್ಬರು ಗಾಜು ಏರಿಸಿದರು. ಗೇಟಿನ ಮೇಲಧಿಕಾರಿ ಓಡಿಬಂದ. ಇಸ್ತ್ರಿ ಅಂಗಿ, ಕೊರಳಲ್ಲಿ ಕಾರ್ಡು.

"ಏನಮ್ಮ ಇದು ನಾಟ್ಕ? ಎತ್ತು, ಎತ್ತು! ಕ್ಯಾಮೆರಾ ಇದೆ ಇಲ್ಲಿ!"

"ಇರ್ಲಿ."

ಅವನು ಗೂಡಿನ ಕಡೆ ತಿರುಗಿ ಕೂಗಿದ. ಅಡ್ಡಕೋಲು ಮೇಲೆದ್ದಿತು. "ಹೋಗಮ್ಮ, ಒಂದು ಪೈಸೆ ಬೇಡ. ಮುಂದಿನ ಎರಡು ಗೇಟಿಗೂ ನಾನೇ ಹೇಳ್ತೀನಿ. ಎದ್ದೇಳು."

ಅವಳು ಎದ್ದೇಳಲಿಲ್ಲ.

"ಇನ್ನೇನ್ ಬೇಕು ನಿಂಗೆ?"

"ನಮ್ಮ ಸೂಪರ್‌ವೈಸರ್ ಬರ್ಲಿ. ಕಲೆಕ್ಷನ್ ಬೀಳ್ತಿದೆ ಅಂತ ನಿನ್ನೆ ಆ ಕಡೆ ಗೇಟಿಂದ ಅವ್ನಿಗೆ ಫೋನ್ ಮಾಡಿದ್ರಲ್ಲ, ಅವ್ರೂ ಬರ್ಲಿ. ಇವ್ನು ಹೆಂಗ್ ಸತ್ತ ಅಂತ ಇಲ್ಲೇ ಕೂತು ಬರೀಲಿ. ನಾನ್ ಓದ್ತೀನಿ. ಆಮೇಲೆ ಏಳ್ತೀನಿ."

"ಹುಚ್ಚು ಹಿಡಿದಿದ್ಯಾ? ಅವ್ರೆಲ್ಲ ಯಾಕೆ ಬರ್ತಾರೆ ಇಲ್ಲಿಗೆ?"

ಮೇಲಧಿಕಾರಿ ಫೋನು ಹಿಡಿದು ಅತ್ತಿತ್ತ ಓಡಾಡಿದ. ಯಾರಿಗೋ ಸಾರ್ ಅಂದ, ಯಾರಿಗೋ ಲೇ ಅಂದ. ಸಾಲು ಬೆಳೆಯುತ್ತಾ ಹೋಗಿ ತಿರುವಿನಾಚೆ ಕಾಣದಾಯಿತು. ಹಾರ್ನುಗಳು ಒಂದಕ್ಕೊಂದು ಸೇರಿ ಒಂದೇ ದನಿಯಾದವು. ಅದರ ನಡುವೆ ವ್ಯಾನಿನೊಳಗೆ ಬಿಟ್ಟಿದ್ದ ಫೋನು ಎರಡು ಸಲ ಬಡಿದುಕೊಂಡು ನಿಂತಿತು.

ಸೂರ್ಯ ಇಳಿಯುತ್ತಾ ಬಂದ ಹಾಗೆ ಗೇಟಿನ ಸೂರಿನ ನೆರಳು ಹಿಂದೆ ಸರಿಯಿತು. ಬಿಸಿಲು ಓರೆಯಾಗಿ ಒಳನುಗ್ಗಿ ಮೊದಲು ಗಂಡನ ಪಾದಕ್ಕೆ, ಆಮೇಲೆ ಹೊಟ್ಟೆಗೆ, ಆಮೇಲೆ ಮುಖಕ್ಕೆ ಬಂತು. ಅವಳು ಎದ್ದು ಇನ್ನೊಂದು ಬದಿಗೆ ಹೋಗಿ, ಬಿಸಿಲಿಗೆ ಬೆನ್ನು ಕೊಟ್ಟು ಕೂತಳು. ಅವಳ ನೆರಳು ಅವನ ಮುಖದ ಮೇಲೆ ಬಿತ್ತು. ಹಣೆಯ ಒಂದು ಅಂಚು ಮಾತ್ರ ಬಿಸಿಲಲ್ಲಿ ಉಳಿಯಿತು. ಸ್ವಲ್ಪ ಸರಿದು ಕೂತಳು.