ಐವತ್ತೈದು ವರ್ಷ ಒಳಲಂಗದಲ್ಲಿ

ನನ್ನಕ್ಕ ಇಮೋಜೀನ್ ನಮ್ಮ ಓಹಾಯೋದ ಕಾಗದಬೊಂಬೆ ಸಂಘದ ಅಧ್ಯಕ್ಷೆ. ಇಪ್ಪತ್ತು ವರ್ಷಗಳಿಂದ ಕಾಗದದ ಬೊಂಬೆಗಳ ಬಗ್ಗೆ ಭಾಷಣ ಮಾಡುತ್ತಿದ್ದಾಳೆ. ಆದರೆ ಹುಟ್ಟಿದಾಗಿನಿಂದ ಒಂದೇ ಒಂದು ಬೊಂಬೆಯನ್ನೂ ಕತ್ತರಿಸಿದವಳಲ್ಲ. ನೀರಿಗಿಳಿಯದೆ ಈಜು ಕಲಿಸುವವಳು ನೀನು ಎಂದರೆ ಅವಳಿಗೆ ಮೂಗಿನ ತುದಿಯಲ್ಲಿ ಕೋಪ. ಬರಲಿ, ನನಗೇನು.

ನಮ್ಮ ಸಂಘದಲ್ಲಿ ಕತ್ತರಿ ತಾಗದ ಪುಸ್ತಕಕ್ಕೇ ಮರ್ಯಾದೆ. ಅಂಗಡಿಯಿಂದ ತಂದ ದಿನ ಹೇಗಿತ್ತೋ ಹಾಗೆಯೇ ಇರಬೇಕು: ರಟ್ಟಿನ ಮೇಲೆ ಒಳಲಂಗದಲ್ಲಿ ನಿಂತ ಸಿನಿಮಾ ತಾರೆ, ಒಳಗಿನ ಹಾಳೆಗಳಲ್ಲಿ ಕತ್ತರಿಸಿ ಅವಳಿಗೆ ತೊಡಿಸುವ ಉಡುಪುಗಳು. ಆಡುವ ಆಸೆ ತಡೆಯಲಾಗದಿದ್ದರೆ ಜೆರಾಕ್ಸ್ ಮಾಡಿಸಿ ಕತ್ತರಿಸಿಕೊಳ್ಳಬೇಕು. ವಾರ್ಷಿಕ ಸಭೆಯ ದಿನ ಅಕ್ಕ ಬಾಗಿಲಲ್ಲೇ ನಿಂತು ಎಲ್ಲರ ಕೈಚೀಲ ತಡಕುತ್ತಾಳೆ. ಉಗುರು ಕತ್ತರಿ ಸಿಕ್ಕರೂ ಕಿತ್ತಿಟ್ಟುಕೊಳ್ಳುತ್ತಾಳೆ.

ಇದೆಲ್ಲ ಶುರುವಾದದ್ದು ೧೯೪೧ರ ಕ್ರಿಸ್ಮಸ್ಸಿನಲ್ಲಿ. ಹ್ಯಾಟಿ ಅತ್ತೆ ನಮ್ಮಿಬ್ಬರಿಗೂ ಸೇರಿಸಿ ಒಂದು ಪುಸ್ತಕ ಕೊಟ್ಟಳು. ಆಗಿನ ದೊಡ್ಡ ತಾರೆ ರೊವೀನಾ ಕಾಸ್ಟೇನಳ ಬೊಂಬೆ, ಹನ್ನೆರಡು ಉಡುಪು. ನಾಲ್ಕನೆಯ ಹಾಳೆಯಲ್ಲಿ ಒಂದು ಹಸಿರು ಗೌನು ಇತ್ತು. ಮೈತುಂಬ ಮಿಂಚು, ಅಂಚಿಗೆ ಬಿಳಿ ತುಪ್ಪಳ. ನನಗೆ ಆರು ವರ್ಷ, ಆ ಗೌನು ನೋಡಿ ಉಸಿರೇ ನಿಂತಿತು. ಕತ್ತರಿ ತರಲು ಓಡಿದೆ. ಒಂಬತ್ತು ವರ್ಷದ ಅಕ್ಕ ಅಡ್ಡ ನಿಂತಳು.

"ಕೈ ತೋರ್ಸು, ವಿಲ್ಲಾ."

ತೋರಿಸಿದೆ. ಪ್ಲಮ್ ಜಾಮು.

"ಥೂ, ಅಂಟಂಟು! ಕೈ ಸರಿಯಾಗಿ ತೊಳ್ಕೊಂಡ್ಮೇಲೆ ಕೊಡ್ತೀನಿ," ಎಂದು ಪುಸ್ತಕವನ್ನು ಬೀರುವಿನ ಮೇಲಿಟ್ಟಳು.

ತೊಳೆದುಕೊಂಡು ಬಂದೆ. ಇನ್ನೂ ಅಂಟು ಎಂದಳು. ನನಗೆ ಮದುವೆಯಾಯಿತು, ಮೂವರು ಮಕ್ಕಳಾದರು, ಮೊಮ್ಮಕ್ಕಳೂ ಆದರು. ಪ್ರತಿ ಕ್ರಿಸ್ಮಸ್ಸಿಗೂ ನಾನು ಕೇಳುತ್ತೇನೆ, ಅವಳು ನನ್ನ ಕೈ ನೋಡಿ ತಲೆಯಾಡಿಸುತ್ತಾಳೆ. ಅರವತ್ತೊಂದು ವರ್ಷದ ಹೆಂಗಸಿಗೆ ಒಂದು ಕಾಗದದ ಗೌನಿನ ಹುಚ್ಚೇ ಎಂದು ನೀವು ನಗಬಹುದು. ನಗಿ. ಆ ಗೌನನ್ನು ಒಂದೇ ಒಂದು ಸಲ ಆ ಬೊಂಬೆಯ ಮೈಮೇಲೆ ನೋಡಬೇಕೆಂಬ ಆಸೆ ನನಗೆ ಸಾಯಲಿಲ್ಲ.

ಈ ವರ್ಷದ ಸಭೆಗೆ ಅಕ್ಕ ಸಾಕ್ಷಾತ್ ರೊವೀನಾ ಕಾಸ್ಟೇನಳನ್ನೇ ಕರೆಸಿದಳು. ಈಗ ಎಂಬತ್ತೊಂದು ವಯಸ್ಸು.

"ಕತ್ತರಿ ತಾಗದ ಪುಸ್ತಕ, ಅದ್ರ ಮೇಲೆ ಅವ್ರ ಸಹಿ! ಇಂಥದ್ದು ಭೂಮಿ ಮೇಲೇ ಇನ್ನೊಂದಿರಲ್ಲ ಕಣೇ," ಎಂದು ಅಕ್ಕ ವಾರವಿಡೀ ನೆಲದ ಮೇಲೆ ಕಾಲೂರಲಿಲ್ಲ.

ಹೋಟೆಲಿನ ಸಭಾಂಗಣದಲ್ಲಿ ನಲವತ್ತು ಮಂದಿ ಹೆಂಗಸರು. ಮೇಜಿನ ಮೇಲೆ ಕಾಫಿ, ಬನ್ನು, ಜಾಮು. ರೊವೀನಾ ನೇರಳೆ ಮುಂಡಾಸು ಸುತ್ತಿಕೊಂಡು, ದಿಂಬಿನಷ್ಟು ದಪ್ಪದ ಕೈಚೀಲ ಹಿಡಿದು ಬಂದಳು. ಆ ಚೀಲ ತಡಕುವ ಧೈರ್ಯ ಅಕ್ಕನಿಗೂ ಬರಲಿಲ್ಲ.

ಅಕ್ಕ ಬಿಳಿ ಕೈಗವುಸು ತೊಟ್ಟು ಪುಸ್ತಕವನ್ನು ಅವಳ ಮುಂದಿಟ್ಟಳು. "ಐವತ್ತೈದು ವರ್ಷದಿಂದ ಒಂದು ಗೀರೂ ಬೀಳದ ಹಾಗೆ ಕಾಪಾಡಿದೀನಿ, ಮೇಡಂ."

ರೊವೀನಾ ಕನ್ನಡಕ ಏರಿಸಿ ರಟ್ಟಿನ ಮೇಲಿದ್ದ ತನ್ನನ್ನು ನೋಡಿದಳು. ಒಳಗಿನ ಹಾಳೆಗಳನ್ನು ತಿರುವಿದಳು. ಮತ್ತೆ ರಟ್ಟಿಗೆ ಬಂದಳು.

"ಅಲ್ಲಮ್ಮಾ, ಐವತ್ತೈದು ವರ್ಷ ನನ್ನನ್ನ ಬರೀ ಒಳಲಂಗದಲ್ಲಿ ನಿಲ್ಸಿದ್ದೀಯಾ?"

ರೊವೀನಾ ರಟ್ಟಿನ ಮೇಲೆ ಬೆರಳಿನಿಂದ ಕುಟ್ಟಿದಳು.

"ಹನ್ನೆರಡು ಬಟ್ಟೆ ಪಕ್ಕದಲ್ಲೇ ಮಡಗ್ಕೊಂಡು! ಓಹಾಯೋದ ಚಳೀಲಿ! ಒಂದು ಕೋಟೂ ಹೊದಿಸ್ಬೇಕು ಅನ್ನಿಸ್ಲಿಲ್ವಾ ನಿಂಗೆ?"

"ಅದು... ಮೇಡಂ... ಕತ್ತರಿಸಿದ್ರೆ ಬೆಲೆ..."

"ನಾನು ಸಹಿ ಹಾಕಲ್ಲ. ಮೊದ್ಲು ನಂಗೆ ಬಟ್ಟೆ ಹಾಕು," ಎಂದು ರೊವೀನಾ ಚೀಲಕ್ಕೆ ಕೈಹಾಕಿ ಒಂದು ಕಸೂತಿ ಕತ್ತರಿ ತೆಗೆದು ಮೇಜಿನ ಮೇಲಿಟ್ಟಳು. ನಮ್ಮ ಕಾರ್ಯದರ್ಶಿ ಎಲ್ಫ್ರೀಡಾ ಕುರ್ಚಿ ಹಿಡಿದು ಕುಸಿದು ಕೂತಳು.

ನಾನು ಎದ್ದೇಬಿಟ್ಟೆ. "ಇಮ್ಮಿ, ನಾನು ಕತ್ತರಿಸ್ತೀನಿ. ಹಸಿರು ಗೌನು!"

"ಕೈ ತೋರ್ಸು."

ತೋರಿಸಿದೆ. ಆಗತಾನೆ ಬನ್ನು ತಿಂದಿದ್ದೆ. ನನ್ನ ಹಣೆಬರಹ, ಅದೂ ಪ್ಲಮ್ ಜಾಮೇ.

"ನೀನು ಮುಟ್ಬೇಡ," ಎಂದು ಅಕ್ಕ ತಾನೇ ಕತ್ತರಿ ಹಿಡಿದಳು. ಮೊದಲು ರಟ್ಟಿನಿಂದ ರೊವೀನಾಳನ್ನು ಬಿಡಿಸಿದಳು. ಆಮೇಲೆ ಹಸಿರು ಗೌನು. ನೋಡಲಾರದೆ ಒಂದೊಂದು ಕಚಕ್ಕಿಗೂ ಕಣ್ಣು ಮುಚ್ಚುತ್ತಿದ್ದಳು. ನಲವತ್ತು ಜನವೂ ಅವಳ ಜೊತೆ ಕಣ್ಣು ಮುಚ್ಚುತ್ತಿದ್ದರು.

ಕೊನೆಗೆ ಗೌನನ್ನು ಬೊಂಬೆಯ ಮೈಮೇಲಿಟ್ಟು ಎತ್ತಿದಳು. ಗೌನು ಜಾರಿ ಮೇಜಿನ ಮೇಲೆ ಬಿತ್ತು. ಮತ್ತೆ ಇಟ್ಟಳು. ಮತ್ತೆ ಬಿತ್ತು.

ಗೌನಿನ ಹೆಗಲ ಮೇಲೆ, ಸೊಂಟದ ಬದಿಗೆ ಕಾಗದದ ಪುಟ್ಟ ಬಿಳಿ ಕಿವಿಗಳಿರುತ್ತವೆ. ಅವನ್ನು ಬೊಂಬೆಯ ಬೆನ್ನಿಗೆ ಮಡಚಿದರೆ ಬಟ್ಟೆ ನಿಲ್ಲುತ್ತದೆ. ನಾಲ್ಕು ವರ್ಷದ ಕೂಸಿಗೂ ಗೊತ್ತು. ಆ ಕಿವಿಗಳ ಚರಿತ್ರೆಯ ಮೇಲೆಯೇ ಅಕ್ಕ ಎರಡು ಗಂಟೆ ಭಾಷಣ ಮಾಡಿದವಳು. ಈಗ ಅವು ಆರೂ ಗೌನಿನಿಂದ ಕತ್ತರಿಸಿಹೋಗಿ ಕಾಫಿ ಲೋಟದ ಪಕ್ಕ ಕಸವಾಗಿ ಬಿದ್ದಿದ್ದವು.

ಅಕ್ಕ ಆ ಚೂರುಗಳನ್ನು ನೋಡಿದಳು. ಗಲ್ಲ ಅದುರಿತು. ಐವತ್ತೈದು ವರ್ಷ ಅವಳ ಮೇಲೆ ಹಲ್ಲು ಮಸೆದವಳು ನಾನು, ಈ ಗಳಿಗೆಯಲ್ಲಿ ಕುಣಿಯಬೇಕಿತ್ತು. ಕುಣಿಯಲಾಗಲಿಲ್ಲ.

"ಸ್ವಲ್ಪ ಆ ಕಡೆ ಸರಿ," ಎಂದೆ.

ಬೊಂಬೆಯ ಎರಡು ಹೆಗಲಿಗೂ ಸೊಂಟಕ್ಕೂ ಜಾಮು ಮೆತ್ತಿದ ನನ್ನ ಬೆರಳನ್ನು ಒತ್ತಿದೆ. ಗೌನನ್ನು ಅದರ ಮೇಲಿಟ್ಟು ಸವರಿದೆ. ಬೊಂಬೆಯನ್ನು ಎತ್ತಿ ನಿಲ್ಲಿಸಿದೆ. ನಿಂತಿತು. ಮೈತುಂಬ ಮಿಂಚು, ಅಂಚಿಗೆ ಬಿಳಿ ತುಪ್ಪಳ. ನನಗೆ ಅಳುವೇ ಬಂದುಬಿಟ್ಟಿತು.

"ಅಬ್ಬಾ, ಈಗ ಮೈ ಬೆಚ್ಚಗಾಯ್ತು ನೋಡು," ಎಂದಳು ರೊವೀನಾ. ಬೊಂಬೆಯ ಬೆನ್ನಿನ ಮೇಲೆ ದೊಡ್ಡದಾಗಿ ಸಹಿ ಹಾಕಿದಳು.

ಅಕ್ಕ ಕೈಗವುಸು ಕಳಚಿಟ್ಟಳು. ಬೊಂಬೆಯನ್ನು ಕಣ್ಣಿನ ಹತ್ತಿರ ತಂದು, ಆಚೆ ತಿರುಗಿಸಿ ಈಚೆ ತಿರುಗಿಸಿ ನೋಡಿದಳು. ಆಮೇಲೆ ಜಾಮಿನ ಬಟ್ಟಲನ್ನು ನನ್ನ ಕಡೆ ತಳ್ಳಿದಳು.

"ಎಡಗಡೆ ಹೆಗಲು ಬಿಟ್ಕೊಳ್ತಿದೆ ಕಣೇ ವಿಲ್ಲಾ. ಎಲ್ಲಿ, ನಿನ್ನ ಕೈ ಕೊಡು."